ಕಹಿ, ಒಗರು, ಘಮ: ಯಾವ ತೊಗಟೆ ಯಾವುದಕ್ಕೆ?

ತುಳುವರ ಆಟಿ ತಿಂಗಳ ಅಮಾವಾಸ್ಯೆಯ ಬೆಳಿಗ್ಗೆ ನಮ್ಮ ಮನೆಯಲ್ಲಿ ಕಷಾಯ ಮಾಡುವುದು ಅಮ್ಮನ ಕೆಲಸ. ಕೆಂಡದಲ್ಲಿ ಕಾದ ಬೆಣಚುಕಲ್ಲನ್ನು ಇಕ್ಕಳದಲ್ಲಿ ಹಿಡಿದು ಹಾಲೆ ಮರದ ಕೆತ್ತೆಯ, ಅಂದರೆ ತೊಗಟೆಯ, ರಸಕ್ಕೆ ಬಿಡುತ್ತಾರೆ. ಚುಂಯ್ ಎನ್ನುತ್ತದೆ. ಬೆಳ್ಳುಳ್ಳಿ, ಓಮ, ಕಾಳುಮೆಣಸಿನ ಘಾಟು ಅಡುಗೆಮನೆ ತುಂಬುತ್ತದೆ. ಆಮೇಲೆ ಒಬ್ಬೊಬ್ಬರಿಗೆ ಒಂದು ಸಣ್ಣ ಲೋಟ. ಉಸಿರು ಬಿಗಿಹಿಡಿದು ಗಂಟಲಿಗೆ ಸುರಿದುಕೊಂಡು, ಬಾಯಿಗೆ ಒಂದು ಚೂರು ಬೆಲ್ಲ ಹಾಕಿಕೊಂಡರೂ ಕಹಿ ಹೋಗುವುದಿಲ್ಲ. ಕಷಾಯ ಉಷ್ಣ ಎಂದು ಮೇಲಿಂದ ಮೆಂತೆ ಗಂಜಿ.

ಈ ಕಷಾಯದ ಫೋಟೋ ಹಾಕಿದಾಗಲೆಲ್ಲ ಗೆಳೆಯರು ಪ್ರಶ್ನೆ ಕಳಿಸುತ್ತಾರೆ. ಜ್ವರಕ್ಕೆ ಹಾಲೆ ಕೊಡಬಹುದಾ? ಚಕ್ಕೆ ನೀರು ಕುಡಿದರೆ ಶುಗರ್ ಇಳಿಯುತ್ತಂತೆ, ಹೌದಾ? ಹೊಳೆಮತ್ತಿ ಕುಡಿದರೆ ಬಿಪಿ ಮಾತ್ರೆ ಬಿಡಬಹುದಾ? ಎಲ್ಲವೂ ತೊಗಟೆಯೇ, ಆದರೆ ಒಂದರ ಕೆಲಸ ಇನ್ನೊಂದು ಮಾಡುವುದಿಲ್ಲ. ಹಾಗಾಗಿ ಅಕ್ಕಪಕ್ಕ ಇಟ್ಟು ನೋಡೋಣ ಅನ್ನಿಸಿತು.

ನಾನು ವೈದ್ಯನಲ್ಲ. ಓದಿ ತಿಳಿದದ್ದನ್ನೂ ಮನೆಯಲ್ಲಿ ಕಂಡದ್ದನ್ನೂ ಹೇಳುತ್ತೇನೆ. ಔಷಧಿ ತೆಗೆದುಕೊಳ್ಳುತ್ತಿರುವವರು, ಬಸುರಿಯರು, ಬಾಣಂತಿಯರು ಯಾವ ತೊಗಟೆಯನ್ನೂ ವೈದ್ಯರನ್ನು ಕೇಳದೆ ಮುಟ್ಟಬೇಡಿ. ಸಣ್ಣ ಮಕ್ಕಳಿಗೆ ನಿಮ್ಮಷ್ಟಕ್ಕೆ ಕೊಡಲೂ ಹೋಗಬೇಡಿ.

ನಾಲಿಗೆಗೆ ಎಷ್ಟು ಗೊತ್ತಾಗುತ್ತದೆ?

ಎಲೆಯಲ್ಲಿ ತಯಾರಾದ ಸಕ್ಕರೆ ಬೇರಿಗೆ ಇಳಿಯುವುದು ಒಳತೊಗಟೆಯ ದಾರಿಯಲ್ಲಿ. ಹುಳ, ಬೂಷ್ಟು, ಮೇಯುವ ಪ್ರಾಣಿ ಎಲ್ಲಕ್ಕೂ ಅದು ಬೇಕು. ಮರಕ್ಕೆ ಓಡಿಹೋಗಲು ಬರುವುದಿಲ್ಲ. ಅದಕ್ಕೇ ತೊಗಟೆಯಲ್ಲಿ ಕಾವಲು ಇಟ್ಟುಕೊಂಡಿರುತ್ತದೆ. ನಾವು ಮದ್ದು ಎನ್ನುವುದು ಆ ಕಾವಲನ್ನೇ.

ನಮ್ಮ ನಾಲಿಗೆ ಅದನ್ನು ಮೂರು ಬಗೆಯಾಗಿ ಗುರುತಿಸುತ್ತದೆ. ಒಗರು ಇದ್ದರೆ ಟ್ಯಾನಿನ್. ಅದು ಪ್ರೋಟೀನನ್ನು ಹಿಡಿದು ಬಿಗಿಯುತ್ತದೆ. ಎಂಜಲಿನ ಪ್ರೋಟೀನನ್ನು ಹಿಡಿದಾಗ ಬಾಯಿ ಒರಟಾಗುತ್ತದೆ, ಹಸಿ ಚರ್ಮದ ಪ್ರೋಟೀನನ್ನು ಹಿಡಿದಾಗ ಚರ್ಮ ಹದವಾಗುತ್ತದೆ. ತಂಗಡಿ ತೊಗಟೆಯಲ್ಲಿ ಚರ್ಮ ಹದ ಮಾಡುತ್ತಿದ್ದದ್ದು ಇದೇ ಗುಣದಿಂದ. ಘಮ ಇದ್ದರೆ ಆವಿಯಾಗುವ ಎಣ್ಣೆ, ಚಕ್ಕೆಯಲ್ಲಿ ಇರುವ ಹಾಗೆ. ಕಹಿ ಇದ್ದರೆ ಹೆಚ್ಚಾಗಿ ಆಲ್ಕಲಾಯ್ಡ್ ಎಂಬ ಸಾರಜನಕ ಇರುವ ರಾಸಾಯನಿಕ, ಕೆಲವೊಮ್ಮೆ ಸಕ್ಕರೆಗೆ ಅಂಟಿಕೊಂಡ ಗ್ಲೈಕೊಸೈಡ್.

ಒಗರು ಮತ್ತು ಘಮದ ವಿಷಯದಲ್ಲಿ ನಾಲಿಗೆಯನ್ನು ಸುಮಾರಾಗಿ ನಂಬಬಹುದು. ಕಹಿಯ ವಿಷಯದಲ್ಲಿ ನಂಬಬಾರದು. ಕಾವಲುಗಾರ ಇದ್ದಾನೆ ಎಂದು ನಾಲಿಗೆ ಹೇಳುತ್ತದೆ, ಅವನು ಯಾರು ಎಂದು ಹೇಳುವುದಿಲ್ಲ. ತೊಗಟೆಯ ಚರಿತ್ರೆಯಲ್ಲಿ ನಡೆದ ದೊಡ್ಡ ತಪ್ಪುಗಳು ಇಲ್ಲೇ ನಡೆದಿವೆ.

ಜ್ವರಕ್ಕೆ ಮೂರು ಕಹಿ: ಸಿಂಕೋನಾ, ವಿಲೋ, ಹಾಲೆ

ಸಿಂಕೋನಾ ಆಂಡೀಸ್ ಬೆಟ್ಟಗಳ ಮರ, ಪೆರು ಮತ್ತು ಈಗಿನ ಈಕ್ವೆಡಾರ್ ಕಡೆಯದು. 17ನೇ ಶತಮಾನದಲ್ಲಿ ಜೆಸ್ಯೂಟ್ ಪಾದ್ರಿಗಳು ಇದರ ತೊಗಟೆಯನ್ನು ಯುರೋಪಿಗೆ ತಂದರು. 'ಜೆಸ್ಯೂಟ್ ಪುಡಿ' ಎಂಬ ಹೆಸರೇ ಬಿತ್ತು. ಆ ಹೆಸರಿನಿಂದಾಗಿಯೇ ಇಂಗ್ಲೆಂಡಿನ ಪ್ರೊಟೆಸ್ಟೆಂಟರು ಅದನ್ನು ಅನುಮಾನದಿಂದ ನೋಡಿದರು. ರಾಬರ್ಟ್ ಟಾಲ್ಬರ್ ಎಂಬಾತ ತನ್ನದೊಂದು ಗುಟ್ಟಿನ ಔಷಧಿ ಎಂದು ಹೇಳಿಕೊಂಡು ರಾಜ ಎರಡನೇ ಚಾರ್ಲ್ಸ್‌ನ ಜ್ವರ ಇಳಿಸಿದ. ಫ್ರಾನ್ಸಿನ ರಾಜ 14ನೇ ಲೂಯಿ ಆ ಗುಟ್ಟನ್ನು ದುಡ್ಡು ಕೊಟ್ಟು ಕೊಂಡ. ಟಾಲ್ಬರ್ ಸತ್ತ ಮೇಲೆ, 1682ರಲ್ಲಿ ಅದು ಬಯಲಾಯಿತು. ಅದು ದ್ರಾಕ್ಷಾರಸದಲ್ಲಿ ನೆನೆಸಿದ ಸಿಂಕೋನಾ ತೊಗಟೆಯೇ ಆಗಿತ್ತು! ದ್ರಾಕ್ಷಾರಸ ಬರೀ ರುಚಿಗಲ್ಲ. ಈ ತೊಗಟೆಯಲ್ಲಿ ಕೆಲಸ ಮಾಡುವ ಕ್ವಿನೈನ್ ಎಂಬ ಆಲ್ಕಲಾಯ್ಡ್ ಬರೀ ನೀರಿಗೆ ಸರಿಯಾಗಿ ಇಳಿಯುವುದಿಲ್ಲ, ಹುಳಿ ಮತ್ತು ಮದ್ಯ ಇದ್ದರೆ ಚೆನ್ನಾಗಿ ಇಳಿಯುತ್ತದೆ.

1820ರಲ್ಲಿ ಪ್ಯಾರಿಸ್ಸಿನಲ್ಲಿ ಪೆಲೆಟಿಯೆ ಮತ್ತು ಕಾವೆಂಟು ಎಂಬ ಇಬ್ಬರು ಈ ತೊಗಟೆಯಿಂದ ಕ್ವಿನೈನ್ ಬೇರ್ಪಡಿಸಿದರು. ಈ ಹೆಸರುಗಳು ನೆನಪಿರಲಿ, ಮುಂದೆ ಮತ್ತೆ ಬರುತ್ತವೆ. ಮಲೇರಿಯಾ ಪರಾವಲಂಬಿ ನಮ್ಮ ಕೆಂಪು ರಕ್ತಕಣದೊಳಗೆ ಕೂತು ಹಿಮೋಗ್ಲೋಬಿನ್ ತಿನ್ನುತ್ತದೆ. ಅದರಲ್ಲಿ ಉಳಿಯುವ ಹೀಮ್ ಅದಕ್ಕೇ ವಿಷ. ಆ ವಿಷವನ್ನು ಹರಳು ಮಾಡಿ ಬದಿಗಿಟ್ಟು ಬದುಕುತ್ತದೆ. ಆ ಹರಳಾಗುವ ಕೆಲಸಕ್ಕೆ ಕ್ವಿನೈನ್ ಅಡ್ಡ ಬರುತ್ತದೆ. ಅಂದರೆ ಅದು ಜ್ವರವನ್ನಲ್ಲ, ಜ್ವರ ತಂದವನನ್ನೇ ಹೊಡೆಯುತ್ತದೆ.

ಸಿಂಕೋನಾ ನಮ್ಮಿಂದ ದೂರದ್ದೇನಲ್ಲ. 1860ರ ಸುಮಾರಿಗೆ ಕ್ಲೆಮೆಂಟ್ಸ್ ಮಾರ್ಕಮ್ ದಕ್ಷಿಣ ಅಮೆರಿಕದಿಂದ ತಂದ ಸಸಿ, ಬೀಜಗಳಿಂದ ನೀಲಗಿರಿಯಲ್ಲಿ ತೋಟ ಎದ್ದಿತು. ಗುಂಡ್ಲುಪೇಟೆಯಿಂದ ಗೂಡಲೂರು ದಾರಿಯಾಗಿ ಊಟಿಗೆ ಹೋದವರು ನಡುವಟ್ಟಂ ದಾಟಿರುತ್ತೀರಿ. ಅಲ್ಲೇ ಸರ್ಕಾರಿ ಸಿಂಕೋನಾ ತೋಟ, ಕ್ವಿನೈನ್ ಕಾರ್ಖಾನೆ ಇದ್ದದ್ದು. ತೋಟ ನೋಡಿಕೊಳ್ಳುತ್ತಿದ್ದ ಮ್ಯಾಕೈವರ್ ಒಂದು ಉಪಾಯ ಕಂಡುಕೊಂಡ. ಮರ ಕಡಿಯದೆ ತೊಗಟೆಯನ್ನು ಪಟ್ಟಿಪಟ್ಟಿಯಾಗಿ ತೆಗೆದು, ಗಾಯದ ಮೇಲೆ ಒದ್ದೆ ಪಾಚಿ ಹೊದಿಸಿ ಕಟ್ಟುತ್ತಿದ್ದ. ಅಡಿಯಲ್ಲಿ ಹೊಸ ತೊಗಟೆ ಬರುತ್ತಿತ್ತು. ಈಗ ಕಾಡಿನಲ್ಲಿ ಮರದ ಸುತ್ತಲೂ ಬಳೆಯ ಹಾಗೆ ತೊಗಟೆ ಸುಲಿದು ಮರವನ್ನೇ ಸಾಯಿಸಿದ್ದು ಕಂಡಾಗ ನನಗೆ ಈ ಪಾಚಿಯ ಪಟ್ಟಿ ನೆನಪಾಗಿ ಹೊಟ್ಟೆ ಉರಿಯುತ್ತದೆ.

ನೀಲಗಿರಿಯ ಕೆಂಪು ತೊಗಟೆಯ ಜಾತಿಯಲ್ಲಿ ಕ್ವಿನೈನ್ ಕಡಿಮೆ ಇತ್ತು, ಅದರ ಸೋದರ ಆಲ್ಕಲಾಯ್ಡ್‌ಗಳು ಜಾಸ್ತಿ ಇದ್ದವು. ಡಚ್ಚರಿಗೆ ಬೇರೆ ಅದೃಷ್ಟ. ಬೊಲಿವಿಯಾದ ಮಾನ್ಯುಯೆಲ್ ಇಂಕ್ರಾ ಮಮಾನಿ ಎಂಬಾತ ಒಳ್ಳೆಯ ಮರ ಗುರುತಿಸಿ ಬೀಜ ಕೂಡಿಸಿ ಇಂಗ್ಲಿಷ್ ವ್ಯಾಪಾರಿ ಚಾರ್ಲ್ಸ್ ಲೆಜರ್‌ಗೆ ಕೊಟ್ಟಿದ್ದ. ಬ್ರಿಟಿಷ್ ಸರ್ಕಾರ ಬೇಡ ಎಂದ ಮೇಲೆ 1865ರಲ್ಲಿ ಡಚ್ಚರು ಅದರಲ್ಲಿ ಒಂದು ಪೌಂಡಿನಷ್ಟು ಕೊಂಡು ಜಾವಾದಲ್ಲಿ ಬಿತ್ತಿದರು. ಅದರಿಂದ ಬಂದ ಕೆಲವು ಮರಗಳ ತೊಗಟೆಯಲ್ಲಿ ನೂರಕ್ಕೆ 13ರಷ್ಟು ಕ್ವಿನೈನ್ ಸಿಕ್ಕಿತು. 1930ರ ದಶಕದ ಹೊತ್ತಿಗೆ ಪ್ರಪಂಚದ ಕ್ವಿನೈನ್‌ನಲ್ಲಿ ನೂರಕ್ಕೆ 90ಕ್ಕೂ ಹೆಚ್ಚು ಜಾವಾದ್ದೇ. ಮಮಾನಿಗೆ ಸಿಕ್ಕಿದ್ದು ಮಾತ್ರ ಜೈಲು ಮತ್ತು ಏಟು. ಅದರಿಂದಲೇ ಅವನು ಸತ್ತ.

ಎರಡನೆಯದು ವಿಲೋ. ಇಂಗ್ಲೆಂಡಿನ ಎಡ್ವರ್ಡ್ ಸ್ಟೋನ್ ಎಂಬ ಪಾದ್ರಿ ಅದರ ತೊಗಟೆಯನ್ನು ಒಮ್ಮೆ ಸುಮ್ನೆ ಅಗಿದು ನೋಡಿದ. ಕಹಿ! ಸಿಂಕೋನಾದಷ್ಟೇ ಕಹಿ. ಇದೂ ಅದೇ ಕೆಲಸ ಮಾಡಬೇಕು ಎಂದುಕೊಂಡ. ಒಣಗಿಸಿ ಪುಡಿ ಮಾಡಿ ಐದು ವರ್ಷ ಸುಮಾರು 50 ಜನರಿಗೆ ಕೊಟ್ಟು, 1763ರಲ್ಲಿ ರಾಯಲ್ ಸೊಸೈಟಿಗೆ ಪತ್ರ ಬರೆದ. ಜ್ವರ ಇಳಿದದ್ದು ನಿಜ. ಆದರೆ ಆ ಪತ್ರದಲ್ಲೇ ಇನ್ನೊಂದು ಮಾತಿದೆ. ಹಟಮಾರಿ ಜ್ವರಗಳಿಗೆ ವಿಲೋ ಸಾಲದಾದಾಗ ಅದಕ್ಕೆ ಐದನೇ ಒಂದು ಪಾಲು ಸಿಂಕೋನಾ ಬೆರೆಸಿದೆ ಎಂದಿದ್ದಾನೆ. ಆ ಒಂದು ಪಾಲಿನಲ್ಲೇ ಎಲ್ಲ ವ್ಯತ್ಯಾಸ ಇದೆ.

ವಿಲೋದಲ್ಲಿರುವುದು ಸ್ಯಾಲಿಸಿನ್ ಎಂಬ ಗ್ಲೈಕೊಸೈಡ್. 1828ರಲ್ಲಿ ಮ್ಯೂನಿಕ್ಕಿನ ಬುಖ್ನರ್ ಅದನ್ನು ಬೇರ್ಪಡಿಸಿದ. ದೇಹದೊಳಗೆ ಹೋದ ಮೇಲೆ ಅದು ಸ್ಯಾಲಿಸಿಲಿಕ್ ಆಮ್ಲ ಆಗುತ್ತದೆ. ಜ್ವರ ಮತ್ತು ನೋವು ಇಳಿಸುತ್ತದೆ, ಪರಾವಲಂಬಿಯ ಗೊಡವೆಗೆ ಹೋಗುವುದಿಲ್ಲ. 1897ರಲ್ಲಿ ಬೇಯರ್ ಕಂಪನಿಯ ಫೆಲಿಕ್ಸ್ ಹಾಫ್‌ಮನ್ ಸ್ಯಾಲಿಸಿಲಿಕ್ ಆಮ್ಲಕ್ಕೆ ಅಸಿಟೈಲ್ ಗುಂಪು ಜೋಡಿಸಿದ. ಎರಡು ವರ್ಷದಲ್ಲಿ ಅದು ಆಸ್ಪಿರಿನ್ ಎಂಬ ಹೆಸರಿನಲ್ಲಿ ಮಾರುಕಟ್ಟೆಗೆ ಬಂತು. ರಕ್ತ ಹೆಪ್ಪುಗಟ್ಟದಂತೆ ತಡೆಯುವ ಆಸ್ಪಿರಿನ್‌ನ ಗುಣ ಬಂದದ್ದು ಮುಖ್ಯವಾಗಿ ಆ ಜೋಡಣೆಯಿಂದ. ಹಾಗಾಗಿ ಹೃದಯಕ್ಕೆಂದು ಆಸ್ಪಿರಿನ್ ತೆಗೆದುಕೊಳ್ಳುವವರು ಅದನ್ನು ಬಿಟ್ಟು ವಿಲೋ ಪುಡಿ ಹಿಡಿದರೆ ಕೆಲಸ ಆಗುವುದಿಲ್ಲ.

ಮೂರನೆಯದು ನಮ್ಮ ಹಾಲೆ. ತುಳುವಿನಲ್ಲಿ ಪಾಲೆ, ಸಂಸ್ಕೃತದಲ್ಲಿ ಸಪ್ತಪರ್ಣ. ಇದರ ಹಲಗೆಯಲ್ಲಿ ಶಾಲಾ ಮಕ್ಕಳ ಬರೆಯುವ ಪಾಟಿ ಮಾಡುತ್ತಿದ್ದರು, ಸಸ್ಯಶಾಸ್ತ್ರದ ಹೆಸರಿನಲ್ಲಿ 'ಸ್ಕೊಲಾರಿಸ್' ಸೇರಿದ್ದು ಅದರಿಂದ. ಫಿಲಿಪ್ಪೀನ್ಸ್‌ನಲ್ಲಿ ಇದನ್ನು 'ದೀಟಾ' ಎನ್ನುತ್ತಾರೆ. 19ನೇ ಶತಮಾನದಲ್ಲಿ ಮನಿಲಾದಲ್ಲಿ ಇದರಿಂದ 'ಡಿಟೈನ್' ತೆಗೆದು ಕ್ವಿನೈನ್ ಬದಲಿಗೆ ಕೊಟ್ಟರು. ಇಲ್ಲೂ ಆಸೆ ಹುಟ್ಟಿದ್ದು ಕಹಿಯಿಂದಲೇ. ಆದರೆ ಇದರ ಆಲ್ಕಲಾಯ್ಡ್‌ಗಳು ಬೇರೆ, ಎಕಿಟಮೈನ್ ಮೊದಲಾದವು. ಮಲೇರಿಯಾ ಪರಾವಲಂಬಿಯ ಮೇಲೆ ಕ್ವಿನೈನ್‌ನಂಥ ಹಿಡಿತ ಅವಕ್ಕೆ ಇಲ್ಲ ಎಂದು ಆಮೇಲಿನ ಪರೀಕ್ಷೆಗಳಲ್ಲಿ ಗೊತ್ತಾಯಿತು.

ಹಾಗಾದರೆ ಜ್ವರ ಬಂದರೆ ಯಾವುದು? ನನ್ನ ಉತ್ತರ ಗಟ್ಟಿಯಾಗಿದೆ: ಮೂರೂ ಬೇಡ, ಮೊದಲು ರಕ್ತ ಪರೀಕ್ಷೆ. ಮಲೇರಿಯಾ ಆದರೆ ವೈದ್ಯರು ಈಗ ಆರ್ಟೆಮಿಸಿನಿನ್ ಬಳಗದ ಔಷಧಿ, ಕ್ಲೋರೋಕ್ವಿನ್ ಮುಂತಾದ್ದನ್ನು ಪರಾವಲಂಬಿಯ ಜಾತಿ ನೋಡಿ ಕೊಡುತ್ತಾರೆ. ಕ್ವಿನೈನ್ ಇನ್ನೂ ಔಷಧಿಯೇ, ಆದರೆ ಹೆಚ್ಚಾದರೆ ಕಿವಿ ಗುಂಯ್‌ಗುಡುತ್ತದೆ, ರಕ್ತದ ಸಕ್ಕರೆ ಕುಸಿಯುತ್ತದೆ, ಹೃದಯದ ಬಡಿತ ಏರುಪೇರಾಗುತ್ತದೆ. ತೊಗಟೆಯಲ್ಲಿ ಎಷ್ಟಿದೆ ಎಂದು ಅಳೆಯಲು ಮನೆಯಲ್ಲಿ ದಾರಿಯಿಲ್ಲ. ಡೆಂಗಿ ಇರಬಹುದು ಎಂಬ ಸಣ್ಣ ಅನುಮಾನ ಇದ್ದರೂ ವಿಲೋ, ಆಸ್ಪಿರಿನ್ ಎರಡೂ ಬೇಡ, ರಕ್ತಸ್ರಾವದ ಭಯ ಇದೆ. ವಿಲೋ ಸಾರಕ್ಕೆ ಒಂದು ಜಾಗ ಇದೆ. ಬೆನ್ನುನೋವಿಗೆ, ಸ್ಯಾಲಿಸಿನ್ ಎಷ್ಟು ಮಿಲಿಗ್ರಾಂ ಎಂದು ಅಳೆದು ಬರೆದಿರುವ ಮಾತ್ರೆಯ ರೂಪದಲ್ಲಿ. ಆಸ್ಪಿರಿನ್ ಆಗದವರಿಗೆ ಅದೂ ಆಗದು. ಹಾಲೆ ವರ್ಷಕ್ಕೊಂದು ದಿನದ ಆಚರಣೆಯಾಗಿ ನನಗೆ ಪ್ರೀತಿಯದು. ಬಂದ ಜ್ವರಕ್ಕೆ ಅದನ್ನೇ ನಂಬಿ ಮೂರು ದಿನ ಕಳೆಯಬೇಡಿ.

ಒಗರಿನ ಸಾಲು: ಹೊಳೆಮತ್ತಿ, ಅಶೋಕ, ಕೊಡಸಿಗೆ

ಕಾವೇರಿ ದಂಡೆಯಲ್ಲಿ ನಡೆದವರಿಗೆ ಹೊಳೆಮತ್ತಿ ಗೊತ್ತು. ನೀರಿನ ಅಂಚಿನಲ್ಲಿ ದಪ್ಪ ಕಾಂಡ, ಬೂದು-ಬಿಳಿ ನುಣುಪು ತೊಗಟೆ. ಚಕ್ಕೆ ಚಕ್ಕೆಯಾಗಿ ತಾನೇ ಉದುರುತ್ತದೆ, ಅಡಿಯಲ್ಲಿ ತಿಳಿ ಬಣ್ಣದ ಹೊಸ ತೊಗಟೆ ಕಾಣುತ್ತದೆ. ಕಾಡಿನ ಕರಿಮತ್ತಿಯ ತೊಗಟೆ ಮೊಸಳೆಯ ಬೆನ್ನಿನ ಹಾಗೆ ಬಿರುಕು ಬಿರುಕು. ಎರಡನ್ನೂ ಒಮ್ಮೆ ಪಕ್ಕದಲ್ಲಿ ನೋಡಿದರೆ ಮತ್ತೆ ತಪ್ಪುವುದಿಲ್ಲ.

ಆಯುರ್ವೇದದಲ್ಲಿ ಹೊಳೆಮತ್ತಿ, ಅಂದರೆ ಅರ್ಜುನ, ಹೃದಯದ ಮದ್ದು. ಹಾಲು-ನೀರಿನಲ್ಲಿ ಹಾಕಿ, ಹಾಲಷ್ಟೇ ಉಳಿಯುವವರೆಗೆ ಕುದಿಸಿ ಕೊಡುತ್ತಾರೆ. ತೊಗಟೆಯಲ್ಲಿ ಟ್ಯಾನಿನ್, ಫ್ಲೇವನಾಯ್ಡ್, ಅರ್ಜುನೋಲಿಕ್ ಆಮ್ಲದಂಥ ಟ್ರೈಟರ್ಪಿನ್‌ಗಳು ಇವೆ, ಕ್ಯಾಲ್ಸಿಯಂ ಕೂಡ ಧಾರಾಳ. ಹಾಲಿನ ಪ್ರೋಟೀನ್ ಒಗರನ್ನು ಹಿಡಿದುಕೊಳ್ಳುತ್ತದೆ, ಅದಕ್ಕೇ ಹಾಲಿನ ಕಷಾಯ ಬಾಯಿಗೆ ಹಿತ. ಹೃದಯ ಸೋತವರ ಮೇಲೆ ನಡೆದ ಸಣ್ಣ ಪರೀಕ್ಷೆಗಳಲ್ಲಿ ಒಳ್ಳೆಯ ಫಲ ಕಂಡಿತ್ತು. ಆಮೇಲೆ ಹೆಚ್ಚು ಕಟ್ಟುನಿಟ್ಟಾಗಿ ನಡೆಸಿದ ಪರೀಕ್ಷೆಯಲ್ಲಿ ಹೃದಯದ ಪಂಪು ಮಾಡುವ ಶಕ್ತಿ ಹೆಚ್ಚಿದ್ದು ಕಾಣಲಿಲ್ಲ. ಆದ್ದರಿಂದ ವೈದ್ಯರು ಒಪ್ಪಿದರೆ ಮಾತ್ರೆಯ ಜೊತೆಗೆ ಇರಲಿ, ಮಾತ್ರೆಯ ಬದಲಿಗೆ ಬೇಡವೇ ಬೇಡ.

ಅಶೋಕದ ಕಷ್ಟ ಬೇರೆ. ಹೆಂಗಸರ ಮುಟ್ಟಿನ ತೊಂದರೆಗೆ ಇದರ ತೊಗಟೆ ಹೆಸರಾದದ್ದು, ಒಳಗೆ ಟ್ಯಾನಿನ್ ಬಳಗವೇ. ಆದರೆ ನಿಮ್ಮ ಕೈಗೆ ಸಿಕ್ಕಿದ್ದು ಅಶೋಕವೇ ಹೌದಾ? ರಸ್ತೆ ಬದಿಯಲ್ಲಿ, ಶಾಲೆಯ ಕಾಂಪೌಂಡಿನಲ್ಲಿ ಕಂಬದ ಹಾಗೆ ನೇರ ನಿಂತು ಎಲೆ ಇಳಿಬಿಟ್ಟಿರುವ ಮರಕ್ಕೂ ಜನ ಅಶೋಕ ಎನ್ನುತ್ತಾರೆ. ಅದು ಸೀತಾಫಲದ ಕುಟುಂಬದ್ದು. ನಿಜವಾದ ಅಶೋಕ ಹುಣಸೆಯ ಬಳಗದ್ದು, ಕಿತ್ತಳೆ-ಕೆಂಪು ಹೂಗೊಂಚಲು ಬಿಡುತ್ತದೆ. ಕಾಡಿನಲ್ಲಿ ಅದು ಅಪರೂಪವಾಗುತ್ತಿದೆ. ಮಾರುಕಟ್ಟೆಯ ತೊಗಟೆಯ ಡಿಎನ್‌ಎ ನೋಡಿದ ಅಧ್ಯಯನದಲ್ಲಿ ಬಹುಪಾಲು ಮಾದರಿಗಳು ಅಶೋಕವೇ ಆಗಿರಲಿಲ್ಲ. ನಾನೂ ಒಮ್ಮೆ ಗಿಡಮೂಲಿಕೆ ಮಾರುವ ಒಂದು ಗ್ರಂಥಿಗೆ ಅಂಗಡಿಯಿಂದ ಅಶೋಕ ತೊಗಟೆ ತಂದಿದ್ದೆ. ಗಿಡ ಬಲ್ಲ ಗೆಳತಿಯೊಬ್ಬಳು ಒಂದು ತುಂಡನ್ನು ಮುರಿದು ನೋಡಿ, 'ಇದು ಅದಲ್ಲ ಕಣೋ' ಎಂದಳು. ಅಂಗಡಿಯವರಿಗೂ ಗೊತ್ತಿರಲಿಲ್ಲ. ಚೂರು ಅಥವಾ ಪುಡಿಯ ರೂಪದ ಅಶೋಕ ತೊಗಟೆ ತರಬೇಡಿ ಎಂದೇ ನನ್ನ ಸಲಹೆ. ಬೇಕಾದರೆ ವೈದ್ಯರೇ ಬರೆದುಕೊಟ್ಟ ತಯಾರಿಕೆ ತೆಗೆದುಕೊಳ್ಳಿ. ಮುಟ್ಟಿನಲ್ಲಿ ರಕ್ತ ಜಾಸ್ತಿ ಹೋಗುತ್ತಿದ್ದರೆ ಮೊದಲು ಕಾರಣ ಏನೆಂದು ತೋರಿಸಿಕೊಳ್ಳಿ.

ಕೊಡಸಿಗೆ ಒಗರಿನ ಜೊತೆಗೆ ಕಹಿಯೂ ಹೌದು. ಮಲೆನಾಡಿನಲ್ಲಿ ಇದರ ಹೂವಿನ ತಂಬುಳಿ ಮಾಡುತ್ತಾರೆ. ತೊಗಟೆ ಭೇದಿಯ, ಆಮಶಂಕೆಯ ಮದ್ದು. ವ್ಯಾಪಾರದಲ್ಲಿ 'ತಲಶ್ಶೇರಿ ತೊಗಟೆ' ಎಂದು ಯುರೋಪಿಗೂ ಹೋಗಿತ್ತು. ಇದರ ಆಲ್ಕಲಾಯ್ಡ್ ಕೊನೆಸ್ಸಿನ್ ಅಮೀಬಾದ ಮೇಲೆ ಕೆಲಸ ಮಾಡುತ್ತದೆ, ಆದರೆ ಶುದ್ಧ ರೂಪದಲ್ಲಿ ಕೊಟ್ಟಾಗ ನರಗಳಿಗೆ ತೊಂದರೆ ಮಾಡಿತು. ಇದರ ಜಾಗದಲ್ಲಿ ಬೆಪ್ಪಾಲೆಯ ತೊಗಟೆ ಬರುವುದೂ ಉಂಟು. ಮನೆಗೆ ಹೂವಿನ ತಂಬುಳಿ ಸಾಕು. ಭೇದಿಗೆ ಮೊದಲ ಮದ್ದು ಓಆರ್‌ಎಸ್.

ಚಕ್ಕೆ: ದಿನವೂ ಕೈಗೆ ಬರುವ ತೊಗಟೆ

ಮೇಲಿನ ಎಲ್ಲವನ್ನೂ ನೀವು ಮುಟ್ಟದೆಯೇ ಇರಬಹುದು. ಚಕ್ಕೆಯನ್ನು ಮಾತ್ರ ಮುಟ್ಟುತ್ತೀರಿ. ಹಾಗಾಗಿ ಇಲ್ಲಿಯ ಆಯ್ಕೆ ಎಲ್ಲರಿಗೂ ಬೇಕಾದ್ದು.

ಅಡುಗೆಮನೆಯ ಡಬ್ಬ ತೆರೆದು ಒಂದು ತುಂಡು ತೆಗೆಯಿರಿ. ದಪ್ಪಗೆ, ಗಟ್ಟಿಯಾಗಿ, ಒಂದೇ ಪದರದಲ್ಲಿ ಸುರುಳಿಯಾಗಿದ್ದು ಬೆರಳಲ್ಲಿ ಮುರಿಯಲು ಬಾರದಿದ್ದರೆ ಅದು ಕ್ಯಾಸಿಯಾ, ಚೀನಾ, ಇಂಡೋನೇಷ್ಯಾ, ವಿಯೆಟ್ನಾಂ ಕಡೆಯದು. ಕಾಗದದಷ್ಟು ತೆಳುವಾದ ಪದರಗಳು ಒಂದರೊಳಗೊಂದು ಸುತ್ತಿಕೊಂಡು ಸುರುಟಿನ ಹಾಗಿದ್ದು, ಹಿಸುಕಿದರೆ ಪುಡಿಪುಡಿಯಾದರೆ ಅದು ಸಿಲೋನ್ ಚಕ್ಕೆ. ಕ್ಯಾಸಿಯಾದ ಘಾಟು ಜೋರು. ಸಿಲೋನಿನದು ಮೃದು, ಸ್ವಲ್ಪ ಲವಂಗದ ನೆನಪು ತರುತ್ತದೆ. ಎರಡರಲ್ಲೂ ಘಮ ಕೊಡುವುದು ಸಿನಮಾಲ್ಡಿಹೈಡ್.

ವ್ಯತ್ಯಾಸ ಇರುವುದು ಕೂಮರಿನ್‌ನಲ್ಲಿ. ಕ್ಯಾಸಿಯಾದಲ್ಲಿ ಇದು ಜಾಸ್ತಿ, ಸಿಲೋನಿನಲ್ಲಿ ಬಹಳ ಕಡಿಮೆ. ಹೆಚ್ಚು ದಿನ ಹೆಚ್ಚು ತಿಂದರೆ ಕೆಲವರ ಲಿವರ್‌ಗೆ ಪೆಟ್ಟು. ಯುರೋಪಿನ ಆಹಾರ ಸುರಕ್ಷತಾ ಸಂಸ್ಥೆ ಹಾಕಿದ ಮಿತಿ ದೇಹದ ತೂಕದ ಪ್ರತಿ ಕಿಲೋಗೆ ದಿನಕ್ಕೆ 0.1 ಮಿಲಿಗ್ರಾಂ. 60 ಕಿಲೋ ತೂಕದವರಿಗೆ 6 ಮಿಲಿಗ್ರಾಂ ಆಯಿತು. ಸಾಧಾರಣ ಕ್ಯಾಸಿಯಾ ಪುಡಿ 2 ಗ್ರಾಂ ಆದರೆ ಅಷ್ಟು ತುಂಬಿಬಿಡುತ್ತದೆ. ಒಂದು ಚಿಕ್ಕ ಚಮಚಕ್ಕಿಂತ ಜಾಸ್ತಿ ಏನಲ್ಲ.

ಪಲಾವಿಗೆ, ಸಾಗುವಿಗೆ ಕ್ಯಾಸಿಯಾ ಹಾಕಿ, ಏನೂ ಭಯವಿಲ್ಲ. ನಾಲ್ಕು ಜನರ ಊಟಕ್ಕೆ ಒಂದು ತುಂಡು, ಅದನ್ನೂ ತೆಗೆದು ಬದಿಗಿಡುತ್ತೇವೆ. ದಿನವೂ ಚಹಾಕ್ಕೆ, ಓಟ್ಸಿಗೆ ಪುಡಿ ಹಾಕುವ ಅಭ್ಯಾಸ ಇದ್ದರೆ ಸಿಲೋನ್ ಚಕ್ಕೆಗೆ ಬದಲಾಯಿಸಿ. ದುಬಾರಿ ಹೌದು, ಕೊಡುವುದು ಸರಿ. ಪುಡಿ ಕೊಳ್ಳಬೇಡಿ, ಇಡೀ ಸುರುಳಿ ತಂದು ಮನೆಯಲ್ಲಿ ಪುಡಿ ಮಾಡಿ. ಶುಗರ್ ಇಳಿಯುವ ವಿಷಯಕ್ಕೆ ಬಂದರೆ, ಪರೀಕ್ಷೆಗಳ ಫಲ ಒಂದೇ ತೆರನಾಗಿಲ್ಲ. ಅದನ್ನು ನಂಬಿ ಮಾತ್ರೆ ತಪ್ಪಿಸಬೇಡಿ.

ಕುದಿಸುವುದರಲ್ಲೂ ಒಂದು ಮಾತು. ಒಗರು ತೊಗಟೆಯನ್ನು ತೆರೆದ ಪಾತ್ರೆಯಲ್ಲಿ ಎಷ್ಟು ಹೊತ್ತು ಕುದಿಸಿದರೂ ಟ್ಯಾನಿನ್ ಹಾರಿಹೋಗುವುದಿಲ್ಲ. ಚಕ್ಕೆಯ ಎಣ್ಣೆ ಹಾರುತ್ತದೆ. ಅಡುಗೆಮನೆಯೆಲ್ಲ ಘಮಘಮ ಅಂದರೆ ಲೋಟದಲ್ಲಿ ಕಡಿಮೆಯಾಯಿತು ಎಂದೇ ಅರ್ಥ. ಮುಚ್ಚಳ ಮುಚ್ಚಿ. ಕಬ್ಬಿಣದ ಬಾಣಲೆಯಲ್ಲಿ ಒಗರು ತೊಗಟೆ ಕುದಿಸಿದರೆ ಟ್ಯಾನಿನ್ ಕಬ್ಬಿಣಕ್ಕೆ ಅಂಟಿ ಕಷಾಯ ಶಾಯಿಯ ಹಾಗೆ ಕಪ್ಪಾಗುತ್ತದೆ. ಸ್ಟೀಲು ಅಥವಾ ಮಣ್ಣಿನ ಪಾತ್ರೆ ಒಳ್ಳೆಯದು. ಕಬ್ಬಿಣಾಂಶದ ಮಾತ್ರೆ ತೆಗೆದುಕೊಳ್ಳುವವರು ಅದೇ ಹೊತ್ತಿಗೆ ಒಗರು ಕಷಾಯ ಕುಡಿಯಬಾರದು ಎನ್ನುವುದೂ ಇದೇ ಕಾರಣಕ್ಕೆ.

ಹಾಲೆಯಾ, ಕಾಸರಕನಾ?

ಈಗ ಪೆಲೆಟಿಯೆ ಮತ್ತು ಕಾವೆಂಟು ಬಳಿಗೆ ಮತ್ತೆ ಹೋಗೋಣ. ಅವರ ಕಾಲದಲ್ಲಿ ಜ್ವರಕ್ಕೆ ವೆನೆಜುವೆಲಾದಿಂದ ಅಂಗಸ್ಟುರಾ ಎಂಬ ಇನ್ನೊಂದು ಕಹಿ ತೊಗಟೆ ಯುರೋಪಿಗೆ ಬರುತ್ತಿತ್ತು. 19ನೇ ಶತಮಾನದ ಆರಂಭದಲ್ಲಿ ಅದನ್ನು ಕುಡಿದ ಕೆಲವರಿಗೆ ಮೈ ಬಿಲ್ಲಿನಂತೆ ಸೆಟೆದು ಸೆಳೆತ ಬಂತು, ಸಾವೂ ಆಯಿತು. ಬೆರಕೆ ಆಗಿತ್ತು. 1819ರಲ್ಲಿ ಈ ಇಬ್ಬರು ಆ 'ಸುಳ್ಳು ಅಂಗಸ್ಟುರಾ'ದಿಂದ ಒಂದು ಆಲ್ಕಲಾಯ್ಡ್ ತೆಗೆದರು. ತೊಗಟೆ ಬ್ರೂಸಿಯಾ ಎಂಬ ಗಿಡದ್ದು ಎಂದುಕೊಂಡು ಬ್ರೂಸಿನ್ ಎಂದು ಹೆಸರಿಟ್ಟರು. ಅದೂ ತಪ್ಪೇ. ಅದು ನಮ್ಮ ಕಾಸರಕನ ತೊಗಟೆ. ಸ್ಟ್ರಿಕ್ನಿನ್ ಎಂಬ ಘೋರ ವಿಷ ಇರುವ ಅದೇ ಮರ.

ಕಾಸರಕ ನಮ್ಮ ಕರಾವಳಿಯ ಗುಡ್ಡೆಗಳಲ್ಲಿ ಹಾಲೆಯ ಪಕ್ಕದಲ್ಲೇ ಬೆಳೆಯುತ್ತದೆ. ಅದೂ ಕಹಿ. ಸೂರ್ಯ ಹುಟ್ಟುವ ಮುಂಚೆ, ಆಟಿಯ ಮಳೆಯಲ್ಲಿ, ಕಬ್ಬಿಣ ಮುಟ್ಟಿಸದೆ ಕಲ್ಲಿನಿಂದ ಜಜ್ಜಿ ಕೆತ್ತೆ ತರುವುದು ಸಂಪ್ರದಾಯ. ಆ ಕತ್ತಲಲ್ಲಿ ತಪ್ಪು ಮರಕ್ಕೆ ಕೈ ಹಾಕಿದರೆ ನಾಲಿಗೆ ಎಚ್ಚರಿಸುವುದಿಲ್ಲ.

ಹಗಲಲ್ಲಿ ನೋಡಿದರೆ ಗುರುತು ಸುಲಭ. ಹಾಲೆಯ ಎಲೆಗಳು ಒಂದೇ ಗಂಟಿನಿಂದ ಸುತ್ತಲೂ ಏಳರ ಹಾಗೆ ಹೊರಡುತ್ತವೆ, ಕೆಲವೊಮ್ಮೆ ಐದು, ಆರು. ತೊಗಟೆ ಗೀರಿದರೆ ಬಿಳಿ ಹಾಲು ಒಸರುತ್ತದೆ. ಕಾಸರಕನ ಎಲೆ ಎದುರುಬದುರು ಎರಡೇ, ದುಂಡು, ಹೊಳಪು, ಬುಡದಿಂದಲೇ ಮೂರೋ ಐದೋ ನರ ಎದ್ದಿರುತ್ತವೆ. ಕಾಯಿ ಹಣ್ಣಾದಾಗ ಕಿತ್ತಳೆ ಬಣ್ಣದ ಚೆಂಡು. ಗೀರಿದರೆ ಹಾಲು ಬರುವುದಿಲ್ಲ. ಹಾಲು ಬರುವ ಬೇರೆ ಮರಗಳೂ ಇವೆ, ಆದ್ದರಿಂದ ಎಲೆ ಮತ್ತು ಹಾಲು ಎರಡೂ ಹೊಂದಬೇಕು. ಒಂದೇ ಸಾಲದು. ಊರವರು ಹಂಚುವ ಕಷಾಯ ಕುಡಿಯುವಾಗಲೂ ಕೆತ್ತೆ ಯಾರು ತಂದದ್ದು, ಮರ ಯಾವುದು ಎಂದು ಕೇಳಿ. ಕೇಳಿದರೆ ಯಾರೂ ಬೇಸರ ಮಾಡಿಕೊಳ್ಳುವುದಿಲ್ಲ.

ನಮ್ಮ ಮನೆಯಲ್ಲಿ ಈಗ ಒಂದು ಕ್ರಮ ಮಾಡಿಕೊಂಡಿದ್ದೇವೆ. ಅಮಾವಾಸ್ಯೆಗೆ ಎರಡು ದಿನ ಮುಂಚೆ ಮಟಮಟ ಮಧ್ಯಾಹ್ನ ಅಮ್ಮ, ನಾನು, ಅಣ್ಣನ ಮಗಳು ಮೂವರೂ ಗುಡ್ಡೆ ಹತ್ತುತ್ತೇವೆ. ಅವಳು ಎಲೆ ಎಣಿಸುತ್ತಾಳೆ. ಅಮ್ಮ ಉಗುರಿನಲ್ಲಿ ಒಂದು ಗೀರು ಹಾಕಿ ಹಾಲು ಬರುವುದನ್ನು ತೋರಿಸುತ್ತಾರೆ. ಆಮೇಲೆ ಎದೆಯೆತ್ತರದಲ್ಲಿ ಬಾಳೆನಾರು ಸುತ್ತಿ ಗಂಟು ಹಾಕಿ ಬರುತ್ತೇವೆ. ಅಮಾವಾಸ್ಯೆಯ ಕತ್ತಲಲ್ಲಿ ಅಣ್ಣ ಕಲ್ಲು ಹಿಡಿದು ಹೋದಾಗ ಮೊದಲು ಕೈಯಲ್ಲಿ ತಡವಿ ಆ ಗಂಟನ್ನು ಹುಡುಕುತ್ತಾನೆ. ಕೆತ್ತೆ ತೆಗೆಯುವುದು ಒಂದೇ ಬದಿಯಿಂದ, ಅಂಗೈಯಗಲ.